ಒಬ್ಬ ರಾಸ್ಮುಸೆನ್ ಆದಮೇಲೆ ಇನ್ನೊಬ್ಬ ರಾಸ್ಮುಸೆನ್

1993ರಿಂದ 2011ರವರೆಗೆ ಡೆನ್ಮಾರ್ಕಿಗೆ ಒಬ್ಬರಾದ ಮೇಲೆ ಒಬ್ಬರಂತೆ ಮೂವರು ಪ್ರಧಾನಿಗಳಾದರು. ಮೊದಲು ಪೌಲ್ ನ್ಯೂರುಪ್ ರಾಸ್ಮುಸೆನ್, ಆಮೇಲೆ ಆಂಡರ್ಸ್ ಫೋ ರಾಸ್ಮುಸೆನ್, ಆಮೇಲೆ ಲಾರ್ಸ್ ಲ್ಯೂಕೆ ರಾಸ್ಮುಸೆನ್. ನಮ್ಮ ರಾಜಕೀಯ ನೋಡಿ ಪಳಗಿದವರಿಗೆ ಅಪ್ಪ, ಮಗ, ಅಳಿಯ ಇರಬೇಕು ಅನ್ನಿಸುತ್ತದೆ, ಅಲ್ವಾ? ಮೂವರಿಗೂ ಒಬ್ಬರಿಗೊಬ್ಬರು ಯಾವ ನೆಂಟಸ್ತಿಕೆಯೂ ಇಲ್ಲ. ಅಲ್ಲಿನ ಜನ ಅವರನ್ನು ನ್ಯೂರುಪ್, ಫೋ, ಲ್ಯೂಕೆ ಎಂದು ನಡುವಿನ ಹೆಸರಿನಿಂದಲೇ ಗುರುತಿಸುತ್ತಾರೆ. ಬೇರೆ ದಾರಿ ಏನಿದೆ?

ಮಗುವಿಗೆ ಹೆಸರು ಹುಡುಕುವವರಿಗಾಗಿ ನೆಟ್‌ನಲ್ಲಿ ಸಾವಿರಾರು ಪಟ್ಟಿಗಳಿವೆ. ಆಸ್ಟ್ರಿಡ್ ಅಂದರೆ ದೈವಿಕ ಸೌಂದರ್ಯ, ಹರಾಲ್ಡ್ ಅಂದರೆ ಸೇನೆಯನ್ನು ಆಳುವವನು, ಹೀಗೆ ಅರ್ಥ ಕೊಡುತ್ತಾ ಹೋಗುತ್ತವೆ. ತಪ್ಪೇನೂ ಅಲ್ಲ. ಆದರೆ ಆ ಹೆಸರುಗಳು ಹುಟ್ಟಿದ ಕಾಲದಲ್ಲಿ ಜನ ಅರ್ಥಕ್ಕಿಂತ ಜಾಸ್ತಿ ನೋಡುತ್ತಿದ್ದದ್ದು ಇನ್ನೊಂದನ್ನು: ಈ ಮಗು ಯಾರ ಮನೆಯದು?

ಸಾವಿರ ವರ್ಷದ ಹಿಂದೆ ಡೆನ್ಮಾರ್ಕ್, ನಾರ್ವೆ, ಸ್ವೀಡನ್‌ಗಳಲ್ಲಿದ್ದ ವೈಕಿಂಗರ ಕಾಲದ ಹೆಸರುಗಳಲ್ಲಿ ಬಹಳಷ್ಟು ಎರಡು ತುಂಡುಗಳವು. ಥೋರ್ ಗುಡುಗಿನ ದೇವರು, ಸ್ಟೈನ್ ಅಂದರೆ ಕಲ್ಲು, ಎರಡೂ ಸೇರಿದರೆ ಥೋರ್‌ಸ್ಟೈನ್. ಬ್ಯೋರ್ನ್ ಅಂದರೆ ಕರಡಿ, ಹಾಗಾಗಿ ಥೋರ್‌ಬ್ಯೋರ್ನ್. ಸಿಗ್ ಅಂದರೆ ಗೆಲುವು, ಕೊನೆಯಲ್ಲಿ ಬರುವ ರಿಡ್ ಮೂಲದಲ್ಲಿ ಚೆಲುವೆ ಎಂಬರ್ಥದ ಮಾತು, ಅಲ್ಲಿಗೆ ಸಿಗ್ರಿಡ್ ಆಯಿತು. ಆಸ್ಟ್ರಿಡ್, ಇಂಗ್ರಿಡ್‌ಗಳ ಕೊನೆಯಲ್ಲೂ ಅದೇ ರಿಡ್. ಅಪ್ಪ ಥೋರ್‌ಸ್ಟೈನ್, ತಾಯಿಯ ಕಡೆ ಅಜ್ಜ ಗುನ್‌ಬ್ಯೋರ್ನ್ ಆಗಿದ್ದರೆ, ಎರಡೂ ಕಡೆಯಿಂದ ಒಂದೊಂದು ತುಂಡು ತೆಗೆದು ಮಗುವಿಗೆ ಥೋರ್‌ಬ್ಯೋರ್ನ್ ಎಂದು ಇಡಬಹುದಿತ್ತು. ಎರಡು ಮನೆತನಗಳ ಗುರುತು ಒಂದೇ ಹೆಸರಲ್ಲಿ ಸಿಕ್ಕಿತು. ಸೇರಿಸಿದ ಮೇಲೆ ಅದಕ್ಕೊಂದು ಅರ್ಥ ಬರುತ್ತದೋ ಇಲ್ಲವೋ, ಯಾರಿಗೂ ಚಿಂತೆ ಇರಲಿಲ್ಲ. ಗುನ್‌ಹಿಲ್ಡ್ ಎಂಬ ಹೆಸರನ್ನೇ ನೋಡಿ. ಗುನ್ ಅಂದರೂ ಯುದ್ಧ, ಹಿಲ್ಡ್ ಅಂದರೂ ಯುದ್ಧ. ಯುದ್ಧಯುದ್ಧ! ಅಷ್ಟಾದರೂ ಅದು ರಾಣಿಯರ ಹೆಸರಾಗಿತ್ತು. ಇಂಥ ಜೋಡಿ ಹೆಸರುಗಳ ಪದ್ಧತಿ ಹಳೆಯ ಗ್ರೀಕ್‌ನಲ್ಲಿ ಇದೆ, ಸಂಸ್ಕೃತದಲ್ಲೂ ಇದೆ (ದೇವದತ್ತ, ಇಂದ್ರಸೇನ). ಈ ಭಾಷೆಗಳೆಲ್ಲ ಒಂದೇ ಮೂಲದವು, ಪದ್ಧತಿಯೂ ಅಲ್ಲಿಂದಲೇ ಬಂದ ಬಳುವಳಿ ಎಂದು ಭಾಷಾವಿಜ್ಞಾನಿಗಳು ಹೇಳುತ್ತಾರೆ.

ತೀರಿಹೋದ ಹಿರಿಯರ ಹೆಸರನ್ನು ಹೊಸ ಮಗುವಿಗೆ ಇಡುವುದೂ ವೈಕಿಂಗರಲ್ಲಿತ್ತು. ಓಲಾಫ್ ಎಂಬ ಹೆಸರಿನ ಮೂಲವೇ ಪೂರ್ವಜ ಮತ್ತು ಉಳಿಕೆ ಎಂಬ ಎರಡು ಮಾತು, ಅಂದರೆ ಹಿರಿಯರು ಬಿಟ್ಟುಹೋದವನು.

ಹೀಗಿರುವಾಗ ಮನೆತನದಲ್ಲಿ ಇಲ್ಲದ ಹೆಸರು ಇಟ್ಟರೆ ಏನಾಗುತ್ತದೆ? ಇದಕ್ಕೆ ಒಂದು ಒಳ್ಳೆಯ ಕಥೆ ಇದೆ. ಐಸ್‌ಲ್ಯಾಂಡಿನ ಸ್ನೋರಿ ಸ್ಟುರ್ಲುಸನ್ 13ನೇ ಶತಮಾನದಲ್ಲಿ ಬರೆದಿಟ್ಟದ್ದು. ನಾರ್ವೆಯ ರಾಜ ಓಲಾಫನಿಗೆ ಒಂದು ರಾತ್ರಿ ಗಂಡು ಮಗು ಹುಟ್ಟಿತು. ಮಗು ತೀರಾ ಬಡಕಲು, ಬದುಕುವ ಹಾಗೆ ಕಾಣಲಿಲ್ಲ. ಬೇಗ ದೀಕ್ಷಾಸ್ನಾನ (ಹೆಸರಿಟ್ಟು ಕ್ರೈಸ್ತನನ್ನಾಗಿಸುವ ಶಾಸ್ತ್ರ) ಮಾಡಿಸಬೇಕು, ಆದರೆ ಮಲಗಿದ್ದ ರಾಜನನ್ನು ಎಬ್ಬಿಸುವ ಧೈರ್ಯ ಯಾರಿಗೂ ಬರಲಿಲ್ಲ. ಕೊನೆಗೆ ಆಸ್ಥಾನ ಕವಿ ಸಿಗ್ವಾತ್ ತಾನೇ ಮುಂದೆ ಬಂದು ಮ್ಯಾಗ್ನುಸ್ ಎಂದು ಹೆಸರಿಟ್ಟುಬಿಟ್ಟ. ಬೆಳಿಗ್ಗೆ ರಾಜನಿಗೆ ಸಿಟ್ಟು ಬಂತು, ನಮ್ಮ ವಂಶದಲ್ಲಿ ಇಲ್ಲದ ಹೆಸರು ಯಾಕಿಟ್ಟೆ ಎಂದು ಕೇಳಿದ. ಲೋಕದಲ್ಲೇ ಶ್ರೇಷ್ಠನಾದ ಕಾರ್ಲ್ ಮ್ಯಾಗ್ನುಸ್ ದೊರೆಯ ಹೆಸರಿಟ್ಟೆ ಎಂದು ಕವಿ ಸಮಜಾಯಿಷಿ ಕೊಟ್ಟ. ಕವಿ ಹೇಳಿದ್ದು ನಾವು ಶಾಲೆಯ ಇತಿಹಾಸದಲ್ಲಿ ಓದಿದ ಶಾರ್ಲಮೇನ್ ಚಕ್ರವರ್ತಿಯನ್ನು. ತಮಾಷೆ ಏನೆಂದರೆ ಆ ಚಕ್ರವರ್ತಿಯ ನಿಜವಾದ ಹೆಸರು ಕಾರ್ಲ್ ಅಷ್ಟೇ. ಮ್ಯಾಗ್ನುಸ್ ಎನ್ನುವುದು ಲ್ಯಾಟಿನ್ ಬಿರುದು, ಮಹಾ ಅಂತ ಅದರರ್ಥ. ಬಿರುದೇ ಹೆಸರಾಯಿತು. ಆ ಬಡಕಲು ಮಗು ಬದುಕಿ ರಾಜನೂ ಆದ, ಅವನ ಮೇಲೆ ನಾರ್ವೆಗೆ ಇನ್ನೂ ಹಲವು ಮ್ಯಾಗ್ನುಸ್‌ಗಳು ರಾಜರಾದರು. 2013ರಲ್ಲಿ ಚೆನ್ನೈಗೆ ಬಂದು ನಮ್ಮ ವಿಶ್ವನಾಥನ್ ಆನಂದ್ ಅವರನ್ನು ಸೋಲಿಸಿ ವಿಶ್ವ ಚೆಸ್ ಚಾಂಪಿಯನ್ ಆದ ಮ್ಯಾಗ್ನುಸ್ ಕಾರ್ಲ್‌ಸೆನ್ ಹೆಸರನ್ನು ಈಗ ಬಿಡಿಸಿ ನೋಡಿ. ಕಾರ್ಲ್‌ನ ಮಗ ಮ್ಯಾಗ್ನುಸ್. ಚಕ್ರವರ್ತಿಯ ಹೆಸರೂ ಬಿರುದೂ ಎರಡೂ ಅಲ್ಲೇ ಇವೆ. ಇನ್ನು ಕಾರ್ಲ್ ಎಂಬುದಕ್ಕೆ ಮೊದಲಿದ್ದ ಅರ್ಥ ಸುಮ್ನೆ ಗಂಡಸು, ಜನಸಾಮಾನ್ಯ. ಆದರೆ ಆ ಚಕ್ರವರ್ತಿಯ ದೆಸೆಯಿಂದ ರಷ್ಯನ್, ಪೋಲಿಷ್, ಜೆಕ್ ಭಾಷೆಗಳಲ್ಲಿ ರಾಜ ಎಂಬುದಕ್ಕೆ ಇರುವ ಪದವೇ ಕಾರ್ಲ್‌ನಿಂದ ಬಂತು.

ಇನ್ನು ಕಾರ್ಲ್‌ಸೆನ್, ರಾಸ್ಮುಸೆನ್‌ಗಳ ಕೊನೆಯ ತುಂಡು. ಅದರ ಅರ್ಥ ಮಗ. ಡೆನ್ಮಾರ್ಕ್, ನಾರ್ವೆಗಳಲ್ಲಿ ಸೆನ್ ಎಂದು ಬರೆಯುತ್ತಾರೆ, ಸ್ವೀಡನ್ನಿನಲ್ಲಿ ಸನ್. ಹಿಂದೆ ಇದು ಪ್ರತಿ ತಲೆಮಾರಿಗೂ ಬದಲಾಗುತ್ತಿತ್ತು. ಜೆನ್ಸ್‌ನ ಮಗ ಹ್ಯಾನ್ಸ್ ಆದರೆ ಅವನು ಹ್ಯಾನ್ಸ್ ಜೆನ್ಸೆನ್, ಅವನ ಮಗ ನೀಲ್ಸ್ ಆದರೆ ನೀಲ್ಸ್ ಹ್ಯಾನ್ಸೆನ್. ಮಗಳಾದರೆ ಕೊನೆಗೆ ಮಗಳು ಎಂಬ ಪದ ಬರುತ್ತಿತ್ತು. ಹಳ್ಳಿಯಲ್ಲಿ ಇದರಿಂದ ಯಾರಿಗೂ ತೊಂದರೆ ಇರಲಿಲ್ಲ. ತೊಂದರೆ ಆದದ್ದು ಲೆಕ್ಕ ಬರೆಯುವ ಸರ್ಕಾರಕ್ಕೆ. ಆಸ್ತಿ ಯಾರದು, ತೆರಿಗೆ ಯಾರು ಕೊಡಬೇಕು ಎಂದು ತಿಳಿಯಬೇಕಲ್ಲ. ಬದಲಾಗದ ಮನೆಹೆಸರು ಇರಬೇಕೆಂದು ಡೆನ್ಮಾರ್ಕ್ 1828ರಲ್ಲಿ ಆಜ್ಞೆ ಹೊರಡಿಸಿತು, ಸ್ವೀಡನ್ 1901ರಲ್ಲಿ, ನಾರ್ವೆ 1923ರಲ್ಲಿ ಕಾನೂನು ಮಾಡಿತು. ಅಪ್ಪನ ಹೆಸರು ಹೆಪ್ಪುಗಟ್ಟಿ ಮನೆಹೆಸರಾಯಿತು. ಡೆನ್ಮಾರ್ಕಿನ ರೈತರಲ್ಲಿ ಜೆನ್ಸ್, ನೀಲ್ಸ್, ಹ್ಯಾನ್ಸ್, ಪೀಟರ್, ರಾಸ್ಮುಸ್ ಎಂಬ ಕೆಲವೇ ಹೆಸರುಗಳು ಮತ್ತೆ ಮತ್ತೆ ಬರುತ್ತಿದ್ದವು. ಅದೇ ಕಾಲಕ್ಕೆ ಮನೆಹೆಸರು ನಿಂತುಬಿಟ್ಟದ್ದರಿಂದಲೇ ಇವತ್ತು ಸಂಬಂಧವಿಲ್ಲದ ರಾಸ್ಮುಸೆನ್‌ಗಳು ಸಾಲುಗಟ್ಟಿ ನಿಂತಿದ್ದಾರೆ.

ನಾರ್ವೆಯಲ್ಲಿ ಇನ್ನೊಂದು ಮೂಲವಿತ್ತು, ಜಮೀನಿನ ಹೆಸರು. ಬಕ್ಕೆ ಅಂದರೆ ಇಳಿಜಾರು, ಹೌಗೆನ್ ಅಂದರೆ ದಿಬ್ಬ, ಡಾಲ್ ಅಂದರೆ ಕಣಿವೆ. ಇವು ಇದ್ದ ಜಾಗದ ಹೆಸರುಗಳು. ಜಾಗ ಬಿಟ್ಟರೆ ಹೆಸರೂ ಬದಲಾಗುತ್ತಿತ್ತು, ಗಂಡ ಹೆಂಡತಿಯ ಜಮೀನಿಗೆ ಬಂದು ನೆಲೆಸಿದರೆ ಅವನಿಗೆ ಆ ಜಮೀನಿನ ಹೆಸರೇ.

ನನಗೆ ತುಂಬಾ ಇಷ್ಟವಾಗುವುದು ಸ್ವೀಡನ್ನಿನದು. ಅಲ್ಲಿ 1682ರ ಹೊತ್ತಿಗೆ ರಾಜ 11ನೇ ಕಾರ್ಲ್ ಹಳ್ಳಿಯ ಮನೆಗಳ ಒಂದೊಂದು ಗುಂಪು ಒಬ್ಬೊಬ್ಬ ಸೈನಿಕನನ್ನು ಸಾಕುವ ಏರ್ಪಾಡು ಮಾಡಿದ. ಪಡೆಯಲ್ಲಿ ಹತ್ತು ಜನ ಆಂಡರ್ಸನ್‌ಗಳಿದ್ದರೆ ಅಧಿಕಾರಿ ಕೂಗಿದಾಗ ಯಾರು ಬರಬೇಕು? ಅದಕ್ಕೆ ಚಿಕ್ಕ, ಚೂಪಾದ ಹೆಸರು ಕೊಟ್ಟರು. ರಾಸ್ಕ್ ಅಂದರೆ ಚುರುಕು, ಮೂಡಿಗ್ ಅಂದರೆ ಧೈರ್ಯವಂತ, ಶೋಲ್ಡ್ ಅಂದರೆ ಗುರಾಣಿ. ಎಷ್ಟೋ ಕಡೆ ಈ ಹೆಸರು ಮನುಷ್ಯನಿಗಿಂತ ಹೆಚ್ಚಾಗಿ ಹುದ್ದೆಗೆ ಸೇರಿದ್ದು, ಅವನ ಜಾಗಕ್ಕೆ ಬಂದ ಹೊಸ ಸೈನಿಕನೂ ಅದೇ ಹೆಸರು ಹೊತ್ತ. ಪೇಟೆಯ ಜನ, ಓದಿದವರು ಬೇರೆ ದಾರಿ ಹಿಡಿದರು. ಲಿಂಡ್‌ಬರ್ಗ್, ಬರ್ಗ್‌ಸ್ಟ್ರೋಮ್ ಮುಂತಾದ ಹೆಸರುಗಳಲ್ಲಿ ಲಿಂಡನ್ ಮರ, ಬೆಟ್ಟ, ಹೊಳೆಗಳನ್ನು ಬೇಕಾದಂತೆ ಜೋಡಿಸಿದ್ದಾರೆ, ಅಂಥ ಊರು ಇರಲೇಬೇಕು ಅಂತೇನಿಲ್ಲ. ನೀಲ್ಸ್ ಇಂಗೆಮಾರ್ಸನ್ ಎಂಬ ರೈತನ ಮಗ ವಿಶ್ವವಿದ್ಯಾಲಯಕ್ಕೆ ಸೇರುವಾಗ ಮನೆಹೆಸರು ಬೇಕಾಯಿತು. ತಮ್ಮ ಜಮೀನಿನಲ್ಲಿದ್ದ ದೊಡ್ಡ ಲಿಂಡನ್ ಮರ ನೆನೆದು ಲಿನ್ನೇಯಸ್ ಎಂದು ಬರೆಸಿದರು. ಅವರ ಮಗನೇ ಸಸ್ಯ, ಪ್ರಾಣಿಗಳಿಗೆಲ್ಲ ಎರಡು ಪದದ ಹೆಸರಿಡುವ ಪದ್ಧತಿ ತಂದ ಕಾರ್ಲ್ ಲಿನ್ನೇಯಸ್. ಈ ಲಿನ್ನೇಯಸ್‌ನ ಶಿಷ್ಯ ಕಾರ್ಲ್ ಪೀಟರ್ ಥುನ್‌ಬರ್ಗ್ ಗೌರವಾರ್ಥ ಒಂದು ಸಸ್ಯಕುಲಕ್ಕೆ ಥುನ್‌ಬರ್ಜಿಯಾ ಎಂದು ಹೆಸರಾಯಿತು. ನಮ್ಮ ಪಶ್ಚಿಮ ಘಟ್ಟದಲ್ಲಿ ಹಳದಿ ಮತ್ತು ಕಂದುಗೆಂಪು ಬಣ್ಣದ ಹೂಗೊಂಚಲು ಇಳಿಬಿಡುವ ಬಳ್ಳಿ ಥುನ್‌ಬರ್ಜಿಯಾ ಮೈಸೂರೆನ್ಸಿಸ್. ಸ್ವೀಡನ್ನಿನ ಒಂದು ಮನೆಹೆಸರು ಮೈಸೂರಿನ ಜೊತೆ ಸೇರಿಕೊಂಡದ್ದು ಹೀಗೆ.

ಉಳಿದ ಯುರೋಪಿನಲ್ಲಿ ಕಸುಬಿನ ಹೆಸರುಗಳದ್ದೇ ರಾಜ್ಯ. ಇಂಗ್ಲಿಷರ ಸ್ಮಿತ್, ಜರ್ಮನ್ನರ ಶ್ಮಿಟ್, ಫ್ರೆಂಚರ ಲೆಫೆವ್ರ್, ಇಟಲಿಯ ಫೆರಾರಿ, ಹಂಗೇರಿಯ ಕೊವಾಚ್, ಪೋಲೆಂಡಿನ ಕೊವಾಲ್ಸ್ಕಿ, ರಷ್ಯಾದ ಕುಜ್ನೆತ್ಸೋವ್ ಎಲ್ಲರ ಮೂಲವೂ ಕುಲುಮೆ. ಉತ್ತರ ಕರ್ನಾಟಕದ ಕಂಬಾರ ಎಂಬ ಅಡ್ಡಹೆಸರೂ ಇದೇ ಸಾಲಿನದು. ಅಷ್ಟೊಂದು ಜನ ಕಮ್ಮಾರರು ಎಲ್ಲಿದ್ದರು ಎಂದು ಕೇಳಬಹುದು. ಇರಲಿಲ್ಲ, ಅದಕ್ಕೇ ಆ ಹೆಸರು ನಿಂತಿತು. ಅಡ್ಡಹೆಸರು ಇಡುವವರು ಅಕ್ಕಪಕ್ಕದ ಜನ. ಎಲ್ಲರೂ ರೈತರಾಗಿರುವ ಊರಲ್ಲಿ ರೈತ ಎಂದು ಕರೆದರೆ ಗುರುತು ಸಿಗುವುದಿಲ್ಲ. ಊರಿಗೊಬ್ಬನೇ ಇದ್ದ ಕಮ್ಮಾರನಿಗೆ ಮಾತ್ರ ಆ ಹೆಸರು ಸರಿಹೊಂದುತ್ತದೆ. ಎಲ್ಲ ಊರಲ್ಲೂ ಹೀಗೇ ಆಗಿದ್ದರಿಂದ ದೇಶದ ತುಂಬ ಸ್ಮಿತ್‌ಗಳು.

ಮನೆಹೆಸರು ಒಮ್ಮೆ ನಿಂತ ಮೇಲೆ ಗಣಿತದವರಿಗೂ ಜೀವವಿಜ್ಞಾನಿಗಳಿಗೂ ಅದರಲ್ಲಿ ಆಸಕ್ತಿ ಹುಟ್ಟಿತು. ಹೆಸರಾಂತ ಮನೆತನಗಳು ಯಾಕೆ ಅಳಿಯುತ್ತವೆ ಎಂಬ ಪ್ರಶ್ನೆಯನ್ನು ಇಂಗ್ಲೆಂಡಿನ ವಿಜ್ಞಾನಿ ಫ್ರಾನ್ಸಿಸ್ ಗಾಲ್ಟನ್ 1873ರಲ್ಲಿ ಎತ್ತಿದ. ಹೆನ್ರಿ ವಾಟ್ಸನ್ ಎಂಬ ಪಾದ್ರಿ ಲೆಕ್ಕ ಮಾಡಿಕೊಟ್ಟ. ಒಬ್ಬನಿಗೆ ಗಂಡು ಮಕ್ಕಳು ಇಲ್ಲದಿರಬಹುದು, ಒಬ್ಬನಿರಬಹುದು, ನಾಲ್ವರಿರಬಹುದು. ಸರಾಸರಿ ಒಬ್ಬನಿಗೆ ಒಬ್ಬ ಮಗ ಎಂದಿದ್ದರೂ ಅದೃಷ್ಟದ ಏರಿಳಿತ ಸಾಕು, ಒಂದಲ್ಲ ಒಂದು ದಿನ ಆ ಹೆಸರು ಮುಗಿಯುತ್ತದೆ. ಸರಾಸರಿ ಎಷ್ಟೇ ಇದ್ದರೂ ಎಲ್ಲ ಹೆಸರೂ ಅಳಿಯುತ್ತವೆ ಎಂದು ವಾಟ್ಸನ್ ಬರೆದದ್ದು ಮಾತ್ರ ತಪ್ಪು. ಸರಾಸರಿ ಒಂದಕ್ಕಿಂತ ಜಾಸ್ತಿ ಇದ್ದರೆ ಕೆಲವು ಹೆಸರು ಉಳಿದುಕೊಳ್ಳುತ್ತವೆ. ಪರಮಾಣು ಸರಪಳಿ ಕ್ರಿಯೆಯಲ್ಲಿ ನ್ಯೂಟ್ರಾನ್‌ಗಳ ಲೆಕ್ಕಕ್ಕೂ ಆಮೇಲೆ ಇದೇ ಗಣಿತ ಬಂತು.

ತಂದೆಯಿಂದ ಮಗನಿಗೆ ಹೋಗುವ ಇನ್ನೊಂದು ವಸ್ತು ವೈ ಕ್ರೋಮೋಸೋಮ್. ಹೆಸರೂ ಅದೂ ಒಟ್ಟಿಗೇ ಸಾಗುತ್ತವೆಯೇ? ಆಕ್ಸ್‌ಫರ್ಡಿನ ತಳಿವಿಜ್ಞಾನಿ ಬ್ರಯನ್ ಸೈಕ್ಸ್ ತನ್ನದೇ ಮನೆಹೆಸರಿನ ಗಂಡಸರನ್ನು ಪರೀಕ್ಷಿಸಿ 2000ದಲ್ಲಿ ಫಲಿತಾಂಶ ಪ್ರಕಟಿಸಿದರು. ಹೆಚ್ಚುಕಡಿಮೆ ಅರ್ಧದಷ್ಟು ಜನರ ವೈ ಒಂದೇ ಮಾದರಿಯದ್ದಾಗಿತ್ತು, ಅಂದರೆ ಬಹುಶಃ ಒಬ್ಬನೇ ಮೂಲಪುರುಷ. ಲೆಸ್ಟರ್ ವಿಶ್ವವಿದ್ಯಾಲಯದ ಟೂರಿ ಕಿಂಗ್ ಮತ್ತು ಮಾರ್ಕ್ ಜೋಬ್ಲಿಂಗ್ ಹಲವು ಹೆಸರುಗಳನ್ನು ತೆಗೆದುಕೊಂಡು ನೋಡಿದಾಗ, ಅಪರೂಪದ ಹೆಸರಿನವರಲ್ಲಿ ಹೋಲಿಕೆ ಜಾಸ್ತಿ ಕಂಡಿತು. ಸ್ಮಿತ್‌ಗಳಲ್ಲಿ ಏನೂ ಸಿಗಲಿಲ್ಲ. ಊರಿಗೊಬ್ಬ ಕಮ್ಮಾರನಿದ್ದರೆ ಇನ್ನೇನಾಗುತ್ತದೆ!

ಐಸ್‌ಲ್ಯಾಂಡಿನಲ್ಲಿ ಈ ಪರೀಕ್ಷೆಗೆ ಅವಕಾಶವೇ ಇಲ್ಲ. ಅಲ್ಲಿ ಇವತ್ತಿಗೂ ಹೆಸರು ಹೆಪ್ಪುಗಟ್ಟಿಲ್ಲ. 1980ರಲ್ಲಿ ಅಧ್ಯಕ್ಷೆಯಾದ ವಿಗ್ದೀಸ್ ಫಿನ್‌ಬೋಗಾದೋತ್ತಿರ್ ಅಂದರೆ ಫಿನ್‌ಬೋಗಿಯ ಮಗಳು ವಿಗ್ದೀಸ್. ಅಧ್ಯಕ್ಷರನ್ನೂ ಜನ ಮೊದಲ ಹೆಸರಿನಿಂದಲೇ ಕರೆಯುತ್ತಾರೆ, ಟೆಲಿಫೋನ್ ಡೈರೆಕ್ಟರಿಯೂ ಮೊದಲ ಹೆಸರಿನ ಪ್ರಕಾರವೇ ಇತ್ತು. ಮಗುವಿಗೆ ಹೊಸ ಹೆಸರು ಇಡಬೇಕಾದರೆ 1991ರಲ್ಲಿ ರಚನೆಯಾದ ಹೆಸರು ಸಮಿತಿ ಒಪ್ಪಬೇಕು. ಆ ಹೆಸರಿಗೆ ಐಸ್‌ಲ್ಯಾಂಡಿಕ್ ವಿಭಕ್ತಿ ಪ್ರತ್ಯಯ ಹತ್ತಬೇಕು, ಹತ್ತದಿದ್ದರೆ ನಾಳೆ ಅದರ ಮುಂದೆ ಮಗ, ಮಗಳು ಎಂದು ಸೇರಿಸುವುದು ಹೇಗೆ? ಅಷ್ಟು ಸಣ್ಣ ದೇಶದಲ್ಲಿ ಎದುರಿಗೆ ಸಿಕ್ಕ ಹುಡುಗ ಹುಡುಗಿ ದಾಯಾದಿಗಳೋ ಅಲ್ಲವೋ ಎಂದು ಹೆಸರು ಕೇಳಿ ಗೊತ್ತುಮಾಡಿಕೊಳ್ಳಲು ಸಾಧ್ಯವಿಲ್ಲ. ಅದಕ್ಕಾಗಿ 2013ರಲ್ಲಿ, ದೇಶದ ವಂಶಾವಳಿ ದಾಖಲೆ ಆಧರಿಸಿ ಒಂದು ಆ್ಯಪ್ ಬಂತು. ಎರಡು ಫೋನ್‌ಗಳನ್ನು ಒಂದಕ್ಕೊಂದು ತಾಗಿಸಿದರೆ ಸಾಕು, ನೆಂಟಸ್ತಿಕೆ ಎಷ್ಟು ಹತ್ತಿರದ್ದು ಎಂದು ಅದೇ ಹೇಳುತ್ತಿತ್ತು.