ನಟಾಲಿಯಾ ಗಿಂಜ್‌ಬರ್ಗ್ ಓದುವಾಗ ನಾನು ಎಡವಿದ ಜಾಗ

‘ಲೆಸ್ಸಿಕೊ ಫಮಿಲ್ಯಾರೆ’ ಮೊನ್ನೆ ಮುಗಿಸಿದೆ. ನಟಾಲಿಯಾ ಗಿಂಜ್‌ಬರ್ಗ್ ತನ್ನ ಮನೆಯವರ ಬಗ್ಗೆಯೇ ಬರೆದ 1963ರ ಇಟಾಲಿಯನ್ ಕಾದಂಬರಿ, ಅದೇ ವರ್ಷ ಇಟಲಿಯ ಸ್ತ್ರೇಗಾ ಸಾಹಿತ್ಯ ಪ್ರಶಸ್ತಿ ಬಂತು. ಹೆಸರನ್ನು ‘ಮನೆಯೊಳಗಿನ ಮಾತುಗಳ ಕೋಶ’ ಅಂತ ಅರ್ಥ ಮಾಡಿಕೊಳ್ಳಬಹುದು. ಮರೆಯುವ ಮೊದಲು ಬರೆದಿಡುತ್ತಿದ್ದೇನೆ.

ಲೇಖಕಿ ಹುಟ್ಟಿದ್ದು 1916ರಲ್ಲಿ ಪಲೆರ್ಮೊದಲ್ಲಿ, ಬೆಳೆದದ್ದು ತೂರಿನ್‌ನಲ್ಲಿ, ತೀರಿಕೊಂಡದ್ದು 1991ರಲ್ಲಿ ರೋಮ್‌ನಲ್ಲಿ. ತಂದೆ ಜುಸೆಪ್ಪೆ ಲೆವಿ ಯಹೂದಿ, ಅಂಗರಚನಾಶಾಸ್ತ್ರದ ಪ್ರೊಫೆಸರ್. ಅವರ ಮೂವರು ಶಿಷ್ಯರಿಗೆ ಮುಂದೆ ನೊಬೆಲ್ ಸಿಕ್ಕಿತು. ತಾಯಿ ಲಿದಿಯಾ ಕ್ಯಾಥೊಲಿಕ್ ಮನೆತನದವರು. ಐದು ಮಕ್ಕಳಲ್ಲಿ ನಟಾಲಿಯಾನೇ ಕೊನೆಯವಳು.

ಈಗ ನಾನು ಎಡವಿದ ಜಾಗ. ಯಹೂದಿ ಕುಟುಂಬದ ಕಥೆ ಅಂತ ಕೇಳಿದ್ದೆ, ಹಾಗಾಗಿ ಹಬ್ಬ, ಪ್ರಾರ್ಥನೆ, ಸಿನಗಾಗ್ (ಯಹೂದಿ ಪ್ರಾರ್ಥನಾ ಮಂದಿರ) ಹುಡುಕುತ್ತಾ ಪುಟ ತಿರುವಿದೆ. ಆದರೆ ಆ ಮನೆಯಲ್ಲಿ ದೇವರ ಸುದ್ದಿಯೇ ಇಲ್ಲ. ಹಾಗಾದರೆ ಇದು ಯಹೂದಿ ಕಾದಂಬರಿ ಹೇಗೆ? ಎರಡು ದಿನ ತಲೆ ಕೆಡಿಸಿಕೊಂಡೆ.

ಬಿಡಿಸಿಕೊಂಡದ್ದು ಹೀಗೆ. ‘ನೀವು ಯಹೂದಿಗಳು’ ಎಂಬ ಮಾತು ಆ ಮನೆಗೆ ಜೋರಾಗಿ ಬಂದದ್ದು ಮುಸೊಲಿನಿಯ ಫ್ಯಾಸಿಸ್ಟ್ ಸರ್ಕಾರದಿಂದ, ಯಹೂದಿಗಳ ಹಕ್ಕು ಕಿತ್ತುಕೊಂಡ 1938ರ ಜನಾಂಗೀಯ ಕಾನೂನುಗಳ ಮೂಲಕ. ಅಪ್ಪನ ಕೆಲಸ ಹೋಯಿತು. ನಟಾಲಿಯಾಳ ಗಂಡ, ಫ್ಯಾಸಿಸ್ಟ್ ವಿರೋಧಿ ಲಿಯೋನೆ ಗಿಂಜ್‌ಬರ್ಗ್ ಪೌರತ್ವ ಕಳೆದುಕೊಂಡ. 1940ರಲ್ಲಿ ಅವನನ್ನು ಅಬ್ರುತ್ಸೊ ಸೀಮೆಯ ಪಿತ್ಸೊಲಿ ಎಂಬ ಹಳ್ಳಿಗೆ ಕಳಿಸಿ, ಅಲ್ಲೇ ಇರಬೇಕೆಂದು ಕಟ್ಟುಮಾಡಿದರು. 1942ರಲ್ಲಿ ಅವಳ ಮೊದಲ ಕಾದಂಬರಿ ಬಂತು. ಸ್ವಂತ ಹೆಸರು ಹಾಕುವಂತಿರಲಿಲ್ಲ, ಅಲೆಸ್ಸಾಂದ್ರಾ ತೊರ್ನಿಂಪಾರ್ತೆ ಎಂಬ ಹೆಸರಿನಲ್ಲಿ ಪ್ರಕಟಿಸಬೇಕಾಯಿತು. ಇದೆಲ್ಲ ಹೊರಗಿನವರು ಹಚ್ಚಿದ ಗುರುತು.

ಮನೆಯವರಿಗೆ ತಮ್ಮದೇ ಗುರುತು ಬೇರೆ ಇತ್ತು, ಅದು ಮಾತಿನಲ್ಲಿತ್ತು. ಊಟಕ್ಕೆ ಕೂತಾಗ ಮಕ್ಕಳು ಸಾಸ್‌ನಲ್ಲಿ ಬ್ರೆಡ್ ಅದ್ದಿದರೆ ಅಪ್ಪ ಗುಡುಗುತ್ತಾನೆ: ‘ಸ್ಬ್ರೊದೆಗೆತ್ಸಿ’ ಮಾಡಬೇಡಿ! ನಾನದನ್ನು ‘ರಾಡಿ ಎಬ್ಬಿಸಬೇಡಿ’ ಅಂತ ಓದಿಕೊಂಡೆ. ಹೈಡ್ರೋಜನ್ ಸಲ್ಫೈಡ್ ಏನು ನಾತ ಹೊಡೆಯುತ್ತೆ ಅನ್ನೋ ಒಂದು ಮಾತೂ ಇದೆ. ಇಂಥ ಒಂದು ವಾಕ್ಯ ಸಾಕು, ಕತ್ತಲ ಗುಹೆಯಲ್ಲಿ ಲಕ್ಷಾಂತರ ಜನರ ನಡುವೆಯೂ ಅಣ್ಣತಂಗಿಯರಾದ ನಾವು ಒಬ್ಬರನ್ನೊಬ್ಬರು ಗುರುತಿಸುತ್ತೇವೆ ಅನ್ನುತ್ತಾಳೆ ನಟಾಲಿಯಾ. ಅಲ್ಲಿಗೆ ನನ್ನ ಗಂಟು ಬಿಚ್ಚಿತು.

ನನ್ನ ಸುಲಭ ದಾರಿ: ಮನೆಮಂದಿಯ ಒಂದೊಂದು ಮಾತಿಗೂ ಪೆನ್ಸಿಲ್‌ನಲ್ಲಿ ಗೆರೆ ಹಾಕಿ. ಅದು ಮತ್ತೆ ಬಂದಾಗ ನಡುವೆ ಏನೇನಾಯಿತು ಅಂತ ನೋಡಿ. 1934ರಲ್ಲಿ ಅಣ್ಣ ಮಾರಿಯೊ ಪೊಲೀಸರಿಂದ ತಪ್ಪಿಸಿಕೊಳ್ಳಲು ಗಡಿಯ ತ್ರೇಸಾ ನದಿಗೆ ಹಾರಿ ಸ್ವಿಟ್ಜರ್ಲೆಂಡ್ ದಡ ಸೇರುತ್ತಾನೆ. ಅಮ್ಮನಿಗೆ ಭಯಕ್ಕಿಂತ ಬೆರಗೇ ಜಾಸ್ತಿ: ಓವರ್‌ಕೋಟ್ ಹಾಕಿಕೊಂಡೇ ನೀರಿಗೆ! ಫ್ಯಾಸಿಸಂ ಕಾಲದ ಅಪಾಯವೂ ಹೀಗೆ ಮನೆಯ ಮಾತಾಗಿಬಿಡುತ್ತದೆ.

ಇದಕ್ಕೆ ತದ್ವಿರುದ್ಧ ಲಿಯೋನೆಯ ಸಾವು. 1944ರ ಫೆಬ್ರವರಿಯಲ್ಲಿ, ಚಿತ್ರಹಿಂಸೆಯ ನಂತರ, ಅವನು ರೋಮ್‌ನ ರೆಜೀನಾ ಚೇಲಿ ಜೈಲಿನಲ್ಲಿ ಸತ್ತ. ಪುಸ್ತಕದಲ್ಲಿ ಅವನ ಬಂಧನಕ್ಕೆ ಒಂದೇ ವಾಕ್ಯ: ನಾವು ರೋಮ್‌ಗೆ ಬಂದ ಇಪ್ಪತ್ತು ದಿನಕ್ಕೆ ಅವನನ್ನು ಹಿಡಿದರು, ಮತ್ತೆ ಅವನನ್ನು ನೋಡಲೇ ಇಲ್ಲ. ಅಳು ಇಲ್ಲ, ವಿವರಣೆ ಇಲ್ಲ. ನಾನು ಆ ವಾಕ್ಯವನ್ನು ಮೊದಲ ಸಲ ಗಮನಿಸದೆ ದಾಟಿಬಿಟ್ಟಿದ್ದೆ. ನೀವು ದಾಟಬೇಡಿ.

ಇನ್ನೊಂದು, ಮುನ್ನುಡಿ ಬಿಡಬೇಡಿ. ಇಲ್ಲಿರುವುದೆಲ್ಲ ನಿಜ, ಹೆಸರುಗಳೂ ನಿಜ, ಆದರೂ ಕಾದಂಬರಿಯಂತೆ ಓದಿ ಅಂತಾಳೆ.

ಕೊನೆಯ ಪುಟದಲ್ಲಿ ವಯಸ್ಸಾದ ಅಪ್ಪ ಅಮ್ಮ ಹಳೇ ಕಥೆ ಹೇಳುತ್ತಾ ಕೂತಿದ್ದಾರೆ. ಈ ಕಥೆ ಎಷ್ಟು ಸಲ ಕೇಳಿದ್ದೀನೋ ಅಂತ ಅಪ್ಪ ಮತ್ತೆ ಗೊಣಗುತ್ತಾನೆ.