ಆಲೂಗಡ್ಡೆ ಮೂಟೆಯ ಮೇಲಿನ ಮುಖ

ಚುನಾವಣೆ ಮುಗಿದ ಮೇಲೆ ಫ್ಲೆಕ್ಸ್‌ಗಳು ಎಲ್ಲಿಗೆ ಹೋಗುತ್ತವೆ ಎಂಬುದು ಮೇ ತಿಂಗಳಲ್ಲಿ ಹಾಸನದ ಎಪಿಎಂಸಿ ಪ್ರಾಂಗಣ ನೋಡಿದವರಿಗೆ ಗೊತ್ತಿರುತ್ತದೆ. ಪಂಜಾಬಿನ ಜಲಂಧರ್ ಕಡೆಯಿಂದ ಬಂದಿಳಿದ ಬಿತ್ತನೆ ಆಲೂಗಡ್ಡೆಯ ಮೂಟೆಗಳಿಗೆ ಮಳೆ ತಾಗದಂತೆ ಹೊದಿಸಿದ ಫ್ಲೆಕ್ಸಿನಲ್ಲಿ ನಾಯಕರೊಬ್ಬರ ಒಂದು ಕಣ್ಣು, ಅರ್ಧ ಮೀಸೆ, ಮಡಿಕೆಯೊಳಗೆ ಸಿಕ್ಕಿಕೊಂಡ ಮುಗಿದ ಕೈಗಳು ಕಾಣುತ್ತವೆ. ನಮ್ಮ ಏಳು ನಿಮಿಷದ ಕಿರುಚಿತ್ರ ಹುಟ್ಟಿದ್ದು ಈ ನೋಟದಿಂದ.

ಅದರ ಮೊದಲ ಸಂಕಲನ ಮಾತ್ರ ಇದನ್ನು ಮರೆತಿತ್ತು. ಮುಖವಾಡ ತೊಟ್ಟ ಮನುಷ್ಯ, ಕೆಂಪು ಬೆಳಕು, ಸಿದ್ಧಾಂತವನ್ನು ಪ್ರಬಂಧದಂತೆ ಓದುವ ಹಿನ್ನೆಲೆ ಧ್ವನಿ ಎಲ್ಲವೂ ಇದ್ದವು; ಹಾಸನ ಇರಲಿಲ್ಲ. ಅತಿವಾಸ್ತವ, ಅಂದರೆ ಕನಸಿನ ತರ್ಕದಲ್ಲಿ ಸಾಗುವ ಸರ್ರಿಯಲಿಸಂ, ಎಂದರೆ ಮಬ್ಬು ಎಂದು ತಿಳಿಯುವುದು ನಮ್ಮಲ್ಲಿ ಬಹಳ ಜನ ಮಾಡುವ ತಪ್ಪು, ನಾನೂ ಮಾಡಿದೆ.

1930ರಲ್ಲಿ ಫ್ರೆಂಚ್ ನಿರ್ದೇಶಕ ಝಾಂ ವಿಗೊ ಫ್ರಾನ್ಸಿನಲ್ಲಿ ಸಿರಿವಂತರು ವಿರಾಮಕ್ಕೆ ಬರುವ ನೀಸ್ ನಗರದ ಬಗ್ಗೆ ಮಾಡಿದ ಮೂಕಿ ಕಿರುಚಿತ್ರಕ್ಕೆ ಕ್ಯಾಮೆರಾ ಹಿಡಿದವನು ಸೋವಿಯತ್ ಚಿತ್ರನಿರ್ದೇಶಕ ಝಿಗಾ ವೆರ್ಟೊವ್‌ನ ತಮ್ಮ ಬೋರಿಸ್ ಕೌಫ್‌ಮನ್. ಅದರಲ್ಲಿ ಕುರ್ಚಿಯ ಮೇಲೆ ಕುಳಿತ ಹೆಂಗಸಿನ ಉಡುಪು ಶಾಟಿನಿಂದ ಶಾಟಿಗೆ ಬದಲಾಗುತ್ತ ಕೊನೆಗೆ ಇಲ್ಲವಾಗುತ್ತದೆ. ಪಾಲಿಶ್ ಮಾಡುವವನ ಕೈಯಡಿಯ ಬೂಟು ಬರಿಗಾಲಾಗುತ್ತದೆ. ಕುಳಿತ ಭಂಗಿ ಕದಲುವುದಿಲ್ಲವಾದ್ದರಿಂದ ಕಣ್ಣು ಒಪ್ಪಿಕೊಳ್ಳುತ್ತದೆ, ಬುದ್ಧಿ ತಕರಾರು ತೆಗೆಯುತ್ತದೆ. ಅದೇ ಚಿತ್ರ ಬಡವರ ಗಲ್ಲಿಗಳಿಗೂ ಹೋಗುವುದರಿಂದ ಸಿರಿವಂತರ ವಿರಾಮದ ಮೇಲಿನ ಸಿಟ್ಟನ್ನು ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ.

ನಾವು ಈ ಉಪಾಯವನ್ನೇ ಹಿಡಿದೆವು. ಟ್ರೈಪಾಡಿನ ಕಾಲುಗಳಿಗೆ ಸೀಮೆಸುಣ್ಣದಲ್ಲಿ ಗುರುತು ಹಾಕಿ, ಮೂರು ದಿನ ಬೆಳಗ್ಗೆ ಏಳಕ್ಕೆ, ಒಬ್ಬ ಹಮಾಲಿಯನ್ನು ಒಂದೇ ಭಂಗಿಯಲ್ಲಿ ಕೂರಿಸಿ, ಹಿಂದಿನ ಫ್ಲೆಕ್ಸನ್ನು ಮಾತ್ರ ಬದಲಿಸಿದೆವು. ಸೆಕೆಂಡಿಗೆ 24 ಫ್ರೇಮಿನ ಲೆಕ್ಕದಲ್ಲಿ ಮೊದಲ ಶಾಟುಗಳಿಗೆ 48 ಫ್ರೇಮು, ಕೊನೆಯವಕ್ಕೆ ಎಂಟೇ. ಪಕ್ಷದ ಬಣ್ಣ ಬದಲಾಗುತ್ತದೆ, ಮನುಷ್ಯ ಹಾಗೇ ಕುಳಿತಿರುತ್ತಾನೆ. ಹರಾಜಿನ ಕೂಗನ್ನು ಮಾತ್ರ ಎಲ್ಲಿಯೂ ಕತ್ತರಿಸಲಿಲ್ಲ. ಶಬ್ದವೂ ತುಂಡಾಗಿದ್ದರೆ ಅದು ಬರೀ ಕೊಲಾಜ್, ತುಂಡು ಚಿತ್ರಗಳ ಜೋಡಣೆ, ಆಗಿಬಿಡುತ್ತಿತ್ತು, ಒಂದೇ ಜಾಗದಲ್ಲಿ ಕಾಲ ಹುಚ್ಚಾದಂತೆ ಕಾಣುತ್ತಿರಲಿಲ್ಲ.

ಹಮಾಲಿಗೆ ಚಿತ್ರ ತೋರಿಸಿದಾಗ ಅವರು ಫ್ಲೆಕ್ಸಿನ ಬಗ್ಗೆ ಏನನ್ನೂ ಹೇಳಲಿಲ್ಲ. ಎರಡನೆಯ ದಿನ ತಮ್ಮ ಕಾಲಡಿಯ ಮೂಟೆ ಬದಲಾಗಿದೆ, ಹೊಲಿಗೆ ಬೇರೆ ಎಂದರು. ನಿಜವೇ ಆಗಿತ್ತು. ಅದನ್ನು ಮತ್ತೆ ಚಿತ್ರೀಕರಿಸಲು ಮುಂದಿನ ಬಿತ್ತನೆ ಕಾಲದವರೆಗೆ ಕಾಯುತ್ತಿದ್ದೇವೆ.