ಪ್ರಿಂಟ್ ಬಂತಂತೆ, ಭಯ ಎಲ್ಲೋಯ್ತು?

ಶುಕ್ರವಾರ ಸಿನಿಮಾ ರಿಲೀಸ್ ಆದ್ರೆ ಶನಿವಾರ ಬೆಳಗ್ಗೆ ಹೊತ್ಗೆ ಮಂಡ್ಯದ ಟೀ ಅಂಗಡೀಲಿ "ಪ್ರಿಂಟ್ ಬಂತೇನ್ಲಾ" ಅನ್ನೋ ಮಾತು ಶುರು, ಪ್ರಿಂಟ್ ಅಂದ್ರೆ ಕದ್ದು ಹಿಂಡಿ ಫೋನಿಂದ ಫೋನಿಗೆ ಹಂಚೋ ಪೈರಸಿ ಫೈಲು. ಹಾಡು ಫೈಟು ಇರೋ ಮಾಸ್ ಸಿನಿಮಾ ಆದ್ರೆ ಅದ್ರಲ್ಲೂ ಕಥೆ ಗೊತ್ತಾಗುತ್ತೆ ಬಿಡಿ, ಆದ್ರೆ ಸೈಕಲಾಜಿಕಲ್ ಥ್ರಿಲ್ಲರ್‌ನ ಹಂಗೆ ನೋಡ್ಬುಟ್ಟು "ಏನೂ ಭಯ ಆಗ್ಲಿಲ್ಲ, ಬೋರು" ಅಂತ ತೀರ್ಪು ಕೊಡೋರನ್ನ ಕಂಡ್ರೆ ನಂಗೆ ಮೈ ಉರಿಯುತ್ತೆ, ಯಾಕಂದ್ರೆ ಭಯ ಇದ್ದಿದ್ದೇ ಆ ಫೈಲಿಂದ ಕಿತ್ತಾಕಿರೋ ಭಾಗದಲ್ಲಿ.

ಲೆಕ್ಕ ನೋಡಿ. ಥಿಯೇಟರಿಗೆ ಬರೋ ಡಿಜಿಟಲ್ ಕಾಪೀಲಿ ಬರೀ ಚಿತ್ರಕ್ಕೇ ಸೆಕೆಂಡಿಗೆ 250 ಮೆಗಾಬಿಟ್‌ವರೆಗೂ (8 ಮೆಗಾಬಿಟ್ ಸೇರಿದ್ರೆ 1 ಎಂಬಿ) ಜಾಗ ಇರುತ್ತೆ. ಎರಡು ಗಂಟೆ ಸಿನಿಮಾನ 700 ಎಂಬಿಗೆ ಇಳಿಸಿದ್ರೆ ಸೆಕೆಂಡಿಗೆ ಸಿಗೋದು ಹತ್ರತ್ರ 0.8 ಮೆಗಾಬಿಟ್ಟು, ಸೌಂಡೂ ಅದ್ರೊಳಗೇ. ಇಷ್ಟು ಹಿಂಡಬೇಕಂದ್ರೆ ಸಾಫ್ಟ್‌ವೇರು ಏನ್ ಮಾಡುತ್ತೆ? ಚಿತ್ರಾನ ಚೌಕ ಚೌಕ ಮಾಡ್ಕೊಂಡು, ಹಿಂದಿನ ಫ್ರೇಮಿಗೂ ಇದಕ್ಕೂ ವ್ಯತ್ಯಾಸ ಇರೋದನ್ನ ಮಾತ್ರ ಬರ್ಕೊಳುತ್ತೆ, ಮನುಷ್ಯನ ಕಣ್ಣು ಗಮನಿಸಲ್ಲ ಅನ್ಸಿದ್ದನ್ನೆಲ್ಲ ಎಸೆಯುತ್ತೆ. ತೊಂದರೆ ಇರೋದೇ ಇಲ್ಲಿ, ಥ್ರಿಲ್ಲರ್ ಡೈರೆಕ್ಟರು ಕೂಡ ಸುಳಿವು ಬಚ್ಚಿಡೋದು ನೀವು ಗಮನಿಸದೇ ಇರೋ ಜಾಗದಲ್ಲೇ ತಾನೆ! ಕತ್ತಲೆ ಮೂಲೇಲಿ ಪರದೆ ಹಿಂದೆ ನಿಧಾನಕ್ಕೆ ಯಾರೋ ಸರಿದ್ರೆ ಥಿಯೇಟರಲ್ಲಿ ಕಾಣುತ್ತೋ ಇಲ್ವೋ ಅನ್ನೋ ಹಂಗೆ ಕಂಡು ಹೊಟ್ಟೇಲಿ ತಳಮಳ ಆಗುತ್ತೆ, ಹಿಂಡಿದ ಫೈಲಲ್ಲಿ ಆ ಚೌಕದಲ್ಲಿ "ಏನೂ ಬದಲಾಗಿಲ್ಲ" ಅಂತ ಬಿಟ್ಟೇಬಿಟ್ಟಿರುತ್ತೆ. ಥಿಯೇಟರ್ ಕಾಪೀಲಿ ಒಂದೊಂದು ಬಣ್ಣಕ್ಕೆ 4096 ಹಂತ, ಸಾಮಾನ್ಯ 8 ಬಿಟ್ ಫೈಲಲ್ಲಿ 256ಕ್ಕಿಂತ ಜಾಸ್ತಿ ಇಲ್ಲ, ಅದಕ್ಕೇ ನುಣ್ಣಗಿರಬೇಕಾದ ಕತ್ತಲು ಪಟ್ಟೆ ಪಟ್ಟೆಯಾಗಿ ಕಾಣೋದು. ಲೂಸಿಯಾ (2013) ನೋಡಿರ್ತೀರಲ್ಲ, ಒಂದು ಲೋಕ ಕಲರು ಇನ್ನೊಂದು ಕಪ್ಪು ಬಿಳುಪು, ಅಂಥದ್ರಲ್ಲಿ ಬೂದು ಬಣ್ಣಾನೇ ಕಲಸಿಹೋದ್ರೆ ಉಳಿಯೋದೇನು.

ಫೋನಲ್ಲಿ ಕದ್ದು ತೆಗೆದ ಕ್ಯಾಮ್ ಪ್ರಿಂಟಿನ ಗತಿ ಇನ್ನೂ ಕೆಟ್ಟದು. ಕತ್ತಲು ಕಂಡ ತಕ್ಷಣ ಫೋನು ತಾನೇ ಬೆಳಕು ಜಾಸ್ತಿ ಮಾಡ್ಕೊಳುತ್ತೆ, ಕಪ್ಪೆಲ್ಲ ಹಾಲು ಚೆಲ್ಲಿದಂಗೆ. ಸೌಂಡಲ್ಲೂ ಅದೇ ಬುದ್ಧಿ, ಸಣ್ಣ ಶಬ್ದಾನ ಎತ್ತುತ್ತೆ, ದೊಡ್ಡದನ್ನ ಅದುಮುತ್ತೆ. ಆದ್ರೆ ನಾವು ಬೆಚ್ಚಿಬೀಳೋದು ಶಬ್ದ ಎಷ್ಟು ದಿಢೀರ್ ಅಂತ, ಎಷ್ಟು ಜೋರಾಗಿ ಬಂತು ಅನ್ನೋದ್ರ ಮೇಲೆ, ಯೋಚನೆ ಮಾಡೋದಕ್ಕೂ ಮುಂಚೆ ಮಿದುಳಿನ ಬುಡದಿಂದ ಆರ್ಡರ್ ಬಂದು ಸೆಕೆಂಡಿನ ಇಪ್ಪತ್ತನೇ ಒಂದು ಭಾಗದ ಆಸುಪಾಸಲ್ಲೇ ರೆಪ್ಪೆ ಬಡಿದಿರುತ್ತೆ. ನಿಶ್ಶಬ್ದಾನೂ ಕಿರುಚಾಟಾನೂ ಒಂದೇ ಮಟ್ಟಕ್ಕೆ ಬಂದ್ಮೇಲೆ ಯಾವ ರೆಪ್ಪೆ ಬಡಿಯುತ್ತೆ? ಹಿಂದಿನ ಸ್ಪೀಕರಿಂದ ಬರಬೇಕಿದ್ದ ಹೆಜ್ಜೆ ಸಪ್ಪಳಾನೂ ಮುಂದಿಂದಾನೇ ಬರುತ್ತೆ, ಜೊತೆಗೆ ಪಕ್ಕದ ಸೀಟಿನವನ ಕೆಮ್ಮು ಫ್ರೀ.

ಒಟಿಟಿಯವರೂ ಹಿಂಡ್ತಾರೆ, ಸುಳ್ಳಲ್ಲ, ಆದ್ರೆ ಒಳ್ಳೆ ಮೂಲ ಪ್ರತಿಯಿಂದ, ಜಾಸ್ತಿ ಡೇಟಾ ಕೊಟ್ಟು. ಕದ್ದ ಫೈಲಾದ್ರೆ ಅದರ ಜೊತೆ ವೈರಸ್ಸೂ ಬರಬಹುದು, ಅದು ಬೇರೆ ಕಥೆ.

ಇನ್ನೊಂದು ಮಜಾ ಇದೆ. ಡಿಜಿಟಲ್ ಸಿನಿಮಾ ತೋರಿಸೋ ಯಂತ್ರ ಚಿತ್ರದೊಳಗೇ ಕಣ್ಣಿಗೆ ಕಾಣದ ಗುರುತು ಸೇರಿಸುತ್ತೆ, ಯಾವ ಯಂತ್ರ, ಯಾವ ಹೊತ್ತು ಅಂತ. ಫೋನಲ್ಲಿ ತೆಗೆದು ಆಮೇಲೆ ಹಿಂಡಿದ್ರೂ ಅಳಿಸಿಹೋಗಬಾರ್ದು ಅಂತ್ಲೇ ಅದನ್ನ ರೂಪಿಸಿರೋದು, ಅಂದ್ರೆ ಕೊಲೆಗಾರನ ಸುಳಿವು ಮಾಯ ಆದ ಫೈಲಲ್ಲೂ ಕಳ್ಳನ ಸುಳಿವು ಉಳ್ಕೊಂಡಿರಬಹುದು. ಸಿಕ್ಕಿಬಿದ್ರೆ 2023ರ ಸಿನಿಮಾಟೋಗ್ರಾಫ್ ತಿದ್ದುಪಡಿ ಕಾಯ್ದೆ ಪ್ರಕಾರ 3 ತಿಂಗಳಿಂದ 3 ವರ್ಷ ಜೈಲು, ದಂಡ 3 ಲಕ್ಷದಿಂದ ಶುರುವಾಗಿ ಸಿನಿಮಾ ತಯಾರಿಕೆ ಖರ್ಚಿನ ಶೇಕಡಾ 5ರವರೆಗೂ ಹೋಗಬಹುದು.